ಕರೆಂಟು ನಮ್ಮೂರ ಮೇಲೆ ಹಾದುಹೋಯ್ತು: ಕೆಜಿಎಫ್ ಲೈನ್ ಮನೆಗಳ ಕಥೆ

1902ರ ಜೂನ್ 30. ಶಿವನಸಮುದ್ರದಲ್ಲಿ ಕಾವೇರಿ ನೀರಿನಿಂದ ಹುಟ್ಟಿದ ಕರೆಂಟು 147 ಕಿಲೋಮೀಟರ್ ದೂರ ತಂತಿಯ ಮೇಲೆ ಹರಿದು ಕೋಲಾರದ ಚಿನ್ನದ ಗಣಿಗೆ ಬಂತು. ಆ ಕಾಲಕ್ಕೆ ಪ್ರಪಂಚದಲ್ಲೇ ಅತಿ ಉದ್ದದ ವಿದ್ಯುತ್ ಲೈನ್‌ಗಳಲ್ಲಿ ಅದೂ ಒಂದು. ಬೆಂಗಳೂರಿನ ಬೀದಿಗೆ ದೀಪ ಬಂದಿದ್ದು ಮೂರು ವರ್ಷ ತಡವಾಗಿ, 1905ರಲ್ಲಿ. ಈ ಸಂಗತಿ ಶಾಲೆಯ ಪುಸ್ತಕದಲ್ಲಿ ಹೆಮ್ಮೆಯಿಂದ ಬರುತ್ತದೆ. ನಾವೂ ಓದಿ ಅಂಕ ತೆಗೆದುಕೊಂಡಿದ್ದೇವೆ.

ಪುಸ್ತಕದಲ್ಲಿ ಇಲ್ಲದಿರುವುದು ಒಂದಿದೆ. ಶಿವನಸಮುದ್ರಕ್ಕೂ ಕೋಲಾರಕ್ಕೂ ನಡುವೆ ಎಷ್ಟು ಹಳ್ಳಿಗಳಿವೆ ನೋಡಿ. ಆ ತಂತಿ ಎಷ್ಟೋ ಹೊಲ, ತೋಪು, ಕೆರೆ ಏರಿಗಳನ್ನು ದಾಟಿ ಹೋಯಿತು. ಕೆಳಗಿನ ಮನೆಗಳಲ್ಲಿ ಮಾತ್ರ ಬುಡ್ಡಿ ದೀಪವೇ ಉರಿಯುತ್ತಿತ್ತು. ಅಲ್ಲಿಗೆ ಕರೆಂಟು ಬರಲು ಇನ್ನೂ ಎಷ್ಟೋ ದಶಕ ಬೇಕಾಯಿತು. ಹಾಗಂತ ಗಣಿ ಕೂಲಿಯವರಿಗೆ ಬೆಳಕು ಸಿಕ್ಕಿತು ಅಂದುಕೊಳ್ಳಬೇಡಿ. ಆ ಕರೆಂಟು ಬಂದಿದ್ದು ಮನುಷ್ಯರಿಗಲ್ಲ, ಯಂತ್ರಗಳಿಗೆ. ಕಲ್ಲು ಕುಟ್ಟುವ ಗಿರಣಿಗೆ, ಪಂಪಿಗೆ, ಪಾತಾಳದಿಂದ ತೊಟ್ಟಿಲು ಎಳೆಯುವ ಯಂತ್ರಕ್ಕೆ.

ಕೆಜಿಎಫ್ ಅಂದರೆ ಈಗಿನ ಹುಡುಗರಿಗೆ ಸಿನಿಮಾ ನೆನಪಾಗುತ್ತದೆ. ತಪ್ಪೇನಿಲ್ಲ, ಸಿನಿಮಾ ಸಿನಿಮಾನೇ. ಆದರೆ ನಿಜವಾದ ಕೆಜಿಎಫ್‌ನಲ್ಲಿ ಬಂದೂಕಿನ ಕಥೆಗಿಂತ ಮನೆಯ ಕಥೆ ದೊಡ್ಡದು. ನೂರಿಪ್ಪತ್ತು ವರ್ಷ ಒಂದು ಊರಿಗೆ ಊರೇ ತಮ್ಮದಲ್ಲದ ಮನೆಯಲ್ಲಿ ಬದುಕಿತು. ಮನೆ ಕಂಪನಿಯದು, ನೀರು ಕಂಪನಿಯದು, ಆಸ್ಪತ್ರೆ ಕಂಪನಿಯದು, ಕಾವಲುಗಾರನೂ ಕಂಪನಿಯವನೇ. ಈ ಬರಹ ಅದರ ಬಗ್ಗೆ.

ಚಿನ್ನ ಇರುವುದು ಊರಿನವರಿಗೆ ಮೊದಲೇ ಗೊತ್ತಿತ್ತು. 1802ರಲ್ಲಿ ಮೈಸೂರು ಸಂಸ್ಥಾನದ ಗಡಿ ಅಳೆಯಲು ಬಂದ ಜಾನ್ ವಾರನ್ ಎಂಬ ಬ್ರಿಟಿಷ್ ಅಧಿಕಾರಿ ಈ ಕಡೆ ಚಿನ್ನದ ಮಾತು ಕೇಳಿ, ತೋರಿಸಿದವರಿಗೆ ಬಹುಮಾನ ಕೊಡುತ್ತೇನೆ ಅಂದ. ಉರಿಗಾಂ ಊರಿನವರು ಎತ್ತಿನ ಗಾಡಿಯಲ್ಲಿ ಮಣ್ಣು ತುಂಬಿಕೊಂಡು ಬಂದು, ಅವನ ಕಣ್ಣೆದುರೇ ತೊಳೆದು ಚಿನ್ನದ ಕಣ ತೋರಿಸಿದರು. ಮಾರಿಕುಪ್ಪಂನಲ್ಲಿ ಬಡವರು ಸಣ್ಣ ಸಣ್ಣ ಗುಂಡಿಗಳಿಗೆ ಇಳಿದು ಕಲ್ಲು ತೆಗೆದು ಕುಟ್ಟಿ ಹೊಟ್ಟೆ ಹೊರೆಯುತ್ತಿದ್ದರು. ಆ ಕೆಲಸಗಾರರ ಹೆಸರು ಯಾವ ದಾಖಲೆಯಲ್ಲೂ ಉಳಿದಿಲ್ಲ. ಹೆಸರು ಉಳಿದಿದ್ದು ವಾರನ್‌ನದು. ಅವನ ಟಿಪ್ಪಣಿ ಓದಿ 1871ರ ಸುಮಾರಿಗೆ ಇಲ್ಲಿಗೆ ಬಂದವನು ಲವೆಲ್, ಬೆಂಗಳೂರು ದಂಡಿನಲ್ಲಿ ನೆಲೆಸಿದ್ದ ನಿವೃತ್ತ ಸೈನಿಕ. ಬೆಂಗಳೂರಿನ ಲವೆಲ್ ರಸ್ತೆ ಅವನ ಹೆಸರಿನದೇ. 1875ರಲ್ಲಿ ಅವನಿಗೆ ಗಣಿ ಹಕ್ಕು ಸಿಕ್ಕಿತು, ದುಡ್ಡು ಸಾಲದೆ ಅದನ್ನು ಬೇರೆಯವರಿಗೆ ಬಿಟ್ಟುಕೊಟ್ಟ. 1880ರಲ್ಲಿ ಲಂಡನ್ನಿನ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಬಂತು. ಎರಡು ಮೂರು ವರ್ಷ ಏನೂ ಸಿಗದೆ ಷೇರುದಾರರು ಕೈತೊಳೆದುಕೊಳ್ಳುವ ಹೊತ್ತಿಗೆ ಚಾಂಪಿಯನ್ ರೀಫ್ ಎಂದು ಹೆಸರಾದ ಚಿನ್ನದ ಪದರ ಸಿಕ್ಕಿತು.

ಅಲ್ಲಿಂದ ಊರು ಬೆಳೆದ ರೀತಿ ನೋಡಿದರೆ ಅದು ಊರು ಬೆಳೆಯುವ ರೀತಿಯೇ ಅಲ್ಲ. ನಮ್ಮ ಹಳ್ಳಿ ಹೇಗೆ ಹುಟ್ಟುತ್ತೆ? ಒಂದು ಕೆರೆ, ಕೆರೆ ಕೆಳಗೆ ಗದ್ದೆ, ಒಂದು ದೇವಸ್ಥಾನ, ಸುತ್ತ ಕೇರಿಗಳು. ಇಲ್ಲಿ ಮೊದಲು ಬಂದಿದ್ದು ಬಾವಿಯಂಥ ಶಾಫ್ಟ್. ಅದರ ಸುತ್ತ ಗಿರಣಿ. ಆಮೇಲೆ ದೊರೆಗಳ ಬಂಗಲೆ. ಕೊನೆಗೆ ಕೂಲಿ ಲೈನ್. ಬಂಡೆ, ಕುರುಚಲು ಗಿಡ ಬಿಟ್ಟರೆ ಏನೂ ಇಲ್ಲದ ಬಯಲಿನಲ್ಲಿ 1901ರ ಜನಗಣತಿಯ ಹೊತ್ತಿಗೆ 38,204 ಜನ ಇದ್ದರು. 1894ರಲ್ಲೇ ಬೌರಿಂಗ್‌ಪೇಟೆಯಿಂದ, ಅಂದರೆ ಇವತ್ತಿನ ಬಂಗಾರಪೇಟೆಯಿಂದ, ಮಾರಿಕುಪ್ಪಂವರೆಗೆ ರೈಲು ಬಂದಿತ್ತು. ನೀರಿಗೆ ಪಾಲಾರ್ ನದಿಯ ಬೇತಮಂಗಲದ ಕೆರೆಯಿಂದ ಪೈಪು ಎಳೆದರು. ಕೋಲಾರದಲ್ಲಿ ಕೆರೆ ನೀರು ಅಂದರೆ ಏನು ಅನ್ನುವುದನ್ನು ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ.

ಗಣಿಗೆ ಇಳಿಯಲು ಬಂದವರು ಯಾರು? ಹೆಚ್ಚಿನವರು ಆಗಿನ ಮದ್ರಾಸ್ ಪ್ರಾಂತ್ಯದವರು. ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಕಡೆಯಿಂದ ಬಂದ ಭೂಮಿ ಇಲ್ಲದ ದಲಿತ ಕುಟುಂಬಗಳು. ಬರಗಾಲ ಮತ್ತು ಸಾಲ ಅವರನ್ನು ಊರಿಂದ ಹೊರಡಿಸಿತು. ಕರೆತಂದವನು ಮೇಸ್ತ್ರಿ. ಮುಂಗಡ ಕೊಟ್ಟು, ಲೆಕ್ಕ ಬರೆದುಕೊಂಡು, ಕೂಲಿಯಲ್ಲಿ ತನ್ನ ಪಾಲು ಹಿಡಿದುಕೊಳ್ಳುತ್ತಿದ್ದ. ಸುತ್ತಲಿನ ಹಳ್ಳಿಗಳ ಕನ್ನಡ, ತೆಲುಗು ಮಾತಾಡುವ ಜನ ಗಣಿಗೆ ಇಳಿದಿದ್ದು ಕಡಿಮೆ. ಸೌದೆ, ಹಾಲು, ಸೊಪ್ಪು, ಹುಲ್ಲು ಮಾರಲು ಬಂದು ಹೋಗುತ್ತಿದ್ದವರೇ ಹೆಚ್ಚು. ಮೇಲಿನ ಕೆಲಸಕ್ಕೆ ಇಂಗ್ಲೆಂಡಿನ ಕಾರ್ನ್‌ವಾಲ್‌ನಿಂದ ಬಂದ ಗಣಿಗಾರರು, ಒಂದಷ್ಟು ಇಟಲಿಯವರು, ಆಂಗ್ಲೋ ಇಂಡಿಯನ್ನರು. ಕಾವಲಿಗೆ ಪಂಜಾಬಿಗಳು. ಯಾರು ಎಲ್ಲಿ ಇರಬೇಕು, ಯಾರ ಕ್ಲಬ್ಬಿಗೆ ಯಾರು ಕಾಲಿಡಬಾರದು ಎಲ್ಲವೂ ತೀರ್ಮಾನವಾಗಿತ್ತು. ಬಂಗಲೆಗಳ ಕಡೆ ಗಾಲ್ಫ್ ಮೈದಾನ, ಚರ್ಚು, ಹೂತೋಟ. ಅದಕ್ಕೇ 'ಲಿಟ್ಲ್ ಇಂಗ್ಲೆಂಡ್' ಅನ್ನುವ ಹೆಸರು ಬಂತು. ಆ ಹೆಸರನ್ನು ಈಗಲೂ ಹೆಮ್ಮೆಯಿಂದ ಹೇಳುವವರಿದ್ದಾರೆ. ಲೈನ್ ಕಡೆಯಿಂದ ನೋಡಿದರೆ ಅದರಲ್ಲಿ ಹೆಮ್ಮೆ ಪಡುವಂಥದ್ದು ನಮಗೆ ಕಾಣುವುದಿಲ್ಲ.

ಲೈನ್ ಅಂದರೆ ಸಾಲು ಮನೆ. ಮೊದಮೊದಲು ಅವು ಮನೆಗಳೂ ಅಲ್ಲ, ಬಿದಿರು ತಟ್ಟಿಯ ಗುಡಿಸಲು. ಒಂದೇ ಕೋಣೆ. ಅದರಲ್ಲೇ ಒಲೆ, ಅದರಲ್ಲೇ ಹಾಸಿಗೆ, ಅದರಲ್ಲೇ ಬಾಣಂತನ. ರಾತ್ರಿ ಪಾಳಿ ಮುಗಿಸಿ ಬಂದವನು ಹಗಲು ಮಲಗಬೇಕು, ಮಕ್ಕಳು ಹೊರಗೆ. ಶೌಚಕ್ಕೆ ಸಾಲಾಗಿ ಕಟ್ಟಿದ ಒಣ ಕಕ್ಕಸು. ಅದನ್ನು ತೆಗೆಯಲು ಮತ್ತೊಂದು ಸಮುದಾಯದವರನ್ನೇ ಕರೆತಂದಿದ್ದರು. ಮನೆ ಸಿಗುವುದು ಕೆಲಸ ಇರುವ ತನಕ. ಕೆಲಸ ಹೋದರೆ ಮನೆಯೂ ಹೋಯಿತು. ಹಾಗಾಗಿ ಕೂಲಿ ಜಾಸ್ತಿ ಕೇಳುವ ಮೊದಲು ಮನುಷ್ಯ ಹೆಂಡತಿ ಮಕ್ಕಳ ಮುಖ ನೋಡಬೇಕಿತ್ತು.

ಚಿನ್ನದ ಗಣಿ ಆದ್ದರಿಂದ ಕಂಪನಿಗೆ ಎಲ್ಲರೂ ಕಳ್ಳರ ಹಾಗೇ ಕಾಣುತ್ತಿದ್ದರು. 1897ರಲ್ಲೇ ಮೈಸೂರು ಸರ್ಕಾರ ಗಣಿ ಕಾಯಿದೆ ತಂದಿತು. ಚಿನ್ನದ ಕಲ್ಲಿನ ಚೂರು ಕೈಯಲ್ಲಿ ಸಿಕ್ಕರೆ, ಅದು ಹೇಗೆ ಬಂತೆಂದು ಸಿಕ್ಕಿಬಿದ್ದವನೇ ಹೇಳಬೇಕು. ಕೆಜಿಎಫ್‌ಗೆ ಇವತ್ತಿಗೂ ಕೋಲಾರದಿಂದ ಬೇರೆಯಾದ ಪೊಲೀಸ್ ಜಿಲ್ಲೆ ಇದೆ, ಬೇರೆ ಎಸ್‌ಪಿ ಇದ್ದಾರೆ. ಅಷ್ಟು ಸಣ್ಣ ಊರಿಗೆ ಅದು ಯಾಕೆ ಅಂತ ಯೋಚಿಸಿದವರಿಗೆ ಉತ್ತರ ಈ ಚಿನ್ನದ ಕಾವಲಿನಲ್ಲಿದೆ. ಹೊರತೆಗೆದ ಚಿನ್ನ ಬಹುಕಾಲ ನೇರ ಲಂಡನ್ನಿಗೆ ಹೋಗುತ್ತಿತ್ತು. ಮೈಸೂರು ಸರ್ಕಾರಕ್ಕೆ ನೂರಕ್ಕೆ ಐದರಷ್ಟು ರಾಜಧನ.

ಈಗ ಗಣಿಯೊಳಗೆ ಇಳಿಯೋಣ. ಕಬ್ಬಿಣದ ಕೇಜಿನಲ್ಲಿ ನಿಂತು ಒಂದು ಶಾಫ್ಟಿನಲ್ಲಿ ಇಳಿಯಬೇಕು, ಅಲ್ಲಿ ಸುರಂಗದಲ್ಲಿ ನಡೆಯಬೇಕು, ಮತ್ತೊಂದು ಶಾಫ್ಟು, ಮತ್ತೆ ನಡಿಗೆ. ಕೊನೆಕೊನೆಗೆ ಚಾಂಪಿಯನ್ ರೀಫ್ ಗಣಿಯ ಆಳ 3.2 ಕಿಲೋಮೀಟರ್ ಮುಟ್ಟಿತ್ತು. ನಂದಿ ಬೆಟ್ಟದ ತುದಿ ಸಮುದ್ರಮಟ್ಟದಿಂದ ಒಂದೂವರೆ ಕಿಲೋಮೀಟರಿಗಿಂತ ಕಡಿಮೆ ಎತ್ತರ. ಅದರ ಎರಡರಷ್ಟು ಆಳ ಅಂದುಕೊಳ್ಳಿ. ಅಷ್ಟು ಕೆಳಗೆ ಬಂಡೆಯೇ ಬಿಸಿ, ಅರವತ್ತು ಡಿಗ್ರಿಗೂ ಮೇಲೆ. ಮೇಲಿನಿಂದ ತಣ್ಣನೆ ಗಾಳಿ ಒತ್ತಿ ಕಳಿಸಲು ದೊಡ್ಡ ಯಂತ್ರಗಳಿದ್ದವು. ಆದರೂ ಮೈಮೇಲೆ ಬಟ್ಟೆ ನಿಲ್ಲುವಂತಿರಲಿಲ್ಲ.

ಎಲ್ಲಕ್ಕಿಂತ ಹೆದರಿಕೆ ಅಂದರೆ ಬಂಡೆ ಸಿಡಿತ. ಊರಿನವರು ಅದಕ್ಕೆ 'ಏರ್ ಬ್ಲಾಸ್ಟ್' ಅನ್ನುತ್ತಿದ್ದರು. ಮೇಲಿರುವ ಗುಡ್ಡದಷ್ಟು ಭಾರ ಹೊತ್ತ ಬಂಡೆಯ ಕಾಲಡಿ ಅಗೆಯುತ್ತಾ ಹೋದರೆ, ಒಂದು ದಿನ ಅದು ಬಾಂಬಿನ ಹಾಗೆ ಸಿಡಿಯುತ್ತದೆ. ಮೇಲೆ ಲೈನ್ ಮನೆಗಳಲ್ಲಿ ನೆಲ ನಡುಗಿ ಅಟ್ಟದ ಮೇಲಿನ ಪಾತ್ರೆ ಬೀಳುತ್ತಿದ್ದವು. ಪಾತ್ರೆ ಬಿದ್ದ ಸದ್ದು ಕೇಳಿದ ಹೆಂಗಸರು ಶಾಫ್ಟಿನ ಬಾಯಿಗೆ ಓಡುತ್ತಿದ್ದರು. ಭೂಕಂಪ ಬೇರೆ ಊರಿನಲ್ಲಿ ಅಪರೂಪದ ಸುದ್ದಿ, ಇಲ್ಲಿ ಮಾತ್ರ ಅದು ಪಾಳಿಯ ಭಾಗ. 1988ರಲ್ಲಿ ಬಂಡೆಯ ನಡವಳಿಕೆ ಅಧ್ಯಯನ ಮಾಡುವ ರಾಷ್ಟ್ರೀಯ ಸಂಸ್ಥೆಯೊಂದು ಕೆಜಿಎಫ್‌ನಲ್ಲೇ ಶುರುವಾಗಲು ಕಾರಣ ಇದೇ ಅನುಭವ.

ಸಿಡಿತದಿಂದ ಉಳಿದವರನ್ನು ಧೂಳು ಹಿಡಿಯಿತು. ಬಂಡೆ ಕೊರೆಯುವಾಗ ಏಳುವ ಸಣ್ಣ ಧೂಳು ಶ್ವಾಸಕೋಶದಲ್ಲಿ ಕೂತು ನಿಧಾನಕ್ಕೆ ಕಲ್ಲಾಗಿಸುವ ಕಾಯಿಲೆ ಸಿಲಿಕೋಸಿಸ್. ಭಾರತದಲ್ಲಿ ಈ ಕಾಯಿಲೆ ಮೊದಲು ವರದಿಯಾಗಿದ್ದು ಕೋಲಾರದ ಗಣಿಯಿಂದಲೇ, 1947ರಲ್ಲಿ. ಅಷ್ಟರಲ್ಲಿ ಗಣಿ ಶುರುವಾಗಿ ಅರವತ್ತು ವರ್ಷ ದಾಟಿತ್ತು. ಅಲ್ಲಿಯವರೆಗೆ ಕೆಮ್ಮಿ ಕೆಮ್ಮಿ ಸತ್ತವರು ಯಾವ ಲೆಕ್ಕಕ್ಕೆ ಸೇರಿದರು? ಕ್ಷಯ ಅಂತಲೋ, ಕುಡಿತ ಅಂತಲೋ ಬರೆದುಕೊಂಡಿರಬೇಕು ಅನ್ನುವುದು ನಮ್ಮ ಅನುಮಾನ.

ಇಷ್ಟೆಲ್ಲ ಇದ್ದೂ ಜನ ವಾಪಸ್ ಹೋಗಲಿಲ್ಲ ಯಾಕೆ? ಈ ಪ್ರಶ್ನೆಗೆ ಬರೀ ಬಡತನ ಅಂದರೆ ಸಾಲದು. ಬಿಟ್ಟುಬಂದ ಹಳ್ಳಿಯಲ್ಲಿ ಅವರು ಜೀತದವರು. ಒಡೆಯನ ಎದುರು ಚಪ್ಪಲಿ ಹಾಕುವಂತಿಲ್ಲ, ಕೂಲಿ ಅಂದರೆ ಒಂದಿಷ್ಟು ಧಾನ್ಯ. ಇಲ್ಲಿ ಎಷ್ಟೇ ಕಡಿಮೆಯಾದರೂ ಕೂಲಿ ನಾಣ್ಯದಲ್ಲಿ ಬರುತ್ತಿತ್ತು. ಸಂಬಳದ ದಿನ ಪೇಟೆಗೆ ಹೋಗಿ ಬೇಕಾದ ಬಟ್ಟೆ ಕೊಳ್ಳಬಹುದಿತ್ತು. ಮಗನನ್ನು ಶಾಲೆಗೆ ಸೇರಿಸಬಹುದಿತ್ತು. ಕಂಪನಿ ಕೊಟ್ಟಿದ್ದು ಕತ್ತಲೆ ಕೋಣೆ, ಆದರೆ ಆ ಕೋಣೆಯಿಂದ ಹೊರಗೆ ಬಂದರೆ ಊರಿನ ಗೌಡ ಇರಲಿಲ್ಲ.

ಓದುವ ಹಸಿವು ಇಲ್ಲಿ ಎಷ್ಟಿತ್ತು ಅನ್ನಲು ಒಂದು ಉದಾಹರಣೆ. ಪತ್ರಿಕೋದ್ಯಮ ಓದಿದ ನಮಗೆ ತರಗತಿಯಲ್ಲಿ ಯಾರೂ ಇದನ್ನು ಹೇಳಿರಲಿಲ್ಲ. 1907ರಲ್ಲಿ ಅಯೋಧಿ ದಾಸ್ ಪಂಡಿತರು ಮದ್ರಾಸಿನಲ್ಲಿ ಒಂದು ಕಾಸಿನ ವಾರಪತ್ರಿಕೆ ಶುರುಮಾಡಿದರು, ಹೆಸರು 'ತಮಿಳನ್'. ದಲಿತರು ಮೂಲದಲ್ಲಿ ಬೌದ್ಧರು ಅನ್ನುವುದು ಅವರ ವಾದ. ಅಂಬೇಡ್ಕರ್ ಬೌದ್ಧ ಧರ್ಮ ಸ್ವೀಕರಿಸುವುದಕ್ಕೆ ಸುಮಾರು ಅರ್ಧ ಶತಮಾನ ಮೊದಲಿನ ಮಾತಿದು. ಅವರ ಬೌದ್ಧ ಸಂಘದ ಶಾಖೆ ಮಾರಿಕುಪ್ಪಂನಲ್ಲಿತ್ತು. ಗಣಿ ಕೂಲಿಯವರು ಆ ಪತ್ರಿಕೆಗೆ ಓದುಗರೂ ಹೌದು, ಆಸರೆಯೂ ಹೌದು. ಪಂಡಿತರು 1914ರಲ್ಲಿ ತೀರಿಕೊಂಡರು. ಪತ್ರಿಕೆ ನಿಂತು, 1920ರ ದಶಕದಲ್ಲಿ ಮತ್ತೆ ಹುಟ್ಟಿದ್ದು ಕೆಜಿಎಫ್‌ನಿಂದಲೇ, ಅಪ್ಪಾದುರೈ ಅವರ ಸಂಪಾದಕತ್ವದಲ್ಲಿ. ಹಗಲು ಕಾಣದ ಜನ ನೆಲದಡಿಯಿಂದ ಎದ್ದು ಬಂದು, ಬುಡ್ಡಿ ಬೆಳಕಿನಲ್ಲಿ ಒಬ್ಬ ಓದಿ ಹತ್ತು ಜನ ಕೇಳುವ ಪತ್ರಿಕೆಯನ್ನು ನಡೆಸಿದರು. ಬಂಗಲೆಗಳ ಕ್ಲಬ್ಬಿನ ಫೋಟೋಗಳು ಎಲ್ಲ ಕಡೆ ಸಿಗುತ್ತವೆ. ಈ ಪತ್ರಿಕೆಯ ಬಗ್ಗೆ ಕನ್ನಡದಲ್ಲಿ ಹುಡುಕಿದರೆ ಸಿಗುವುದು ಬಹಳ ಕಡಿಮೆ.

ಹೀಗೆ ಓದಿ ಕೇಳಿ ಬೆಳೆದ ಊರು 1930ರಲ್ಲಿ ಎದ್ದು ನಿಂತಿತು. ಅದಕ್ಕೆ ಕಾರಣ ಕೂಲಿ ಅಲ್ಲ, ಹೆಬ್ಬೆರಳು. ಪ್ರತಿಯೊಬ್ಬ ಕೆಲಸಗಾರನೂ ಬೆರಳಚ್ಚು ಕೊಟ್ಟು ನೋಂದಾಯಿಸಿಕೊಳ್ಳಬೇಕು ಎಂದು ಕಂಪನಿ ಹೇಳಿತು. ಒಂದು ಗಣಿಯಲ್ಲಿ ಕೆಲಸ ಕಳೆದುಕೊಂಡವನು ಹೆಸರು ಬದಲಿಸಿ ಪಕ್ಕದ ಗಣಿಗೆ ಸೇರಬಾರದು ಅನ್ನುವುದು ಉದ್ದೇಶ. ರೇಷನ್ ಅಂಗಡಿಯಲ್ಲಿ ತಿಂಗಳು ತಿಂಗಳೂ ಬೆರಳು ಒತ್ತಿ ಬರುವ ನಮಗೆ ಇದರಲ್ಲಿ ಏನಿದೆ ಅನ್ನಿಸಬಹುದು. ಆದರೆ ಆಗ ಬೆರಳಚ್ಚು ಕೊಡುತ್ತಿದ್ದವರು ಜೈಲಿನ ಕೈದಿಗಳು. ನಾವೇನು ಕಳ್ಳರಾ ಅನ್ನುವ ಪ್ರಶ್ನೆ ಲೈನ್ ಲೈನಿಗೂ ಹಬ್ಬಿತು. ಸಾವಿರಾರು ಜನ ಕೆಲಸಕ್ಕೆ ಇಳಿಯಲಿಲ್ಲ. ಸಂಘ ಇಲ್ಲ, ಹೆಸರುವಾಸಿ ನಾಯಕನಿಲ್ಲ, ಮುಷ್ಕರದ ನಿಧಿ ಇಲ್ಲ. ಕಡೆಗೆ ಕಂಪನಿ ಬೆರಳಚ್ಚಿನ ಯೋಜನೆ ಕೈಬಿಟ್ಟಿತು. ಮನೆ ಕಂಪನಿಯದೇ, ಬಾಗಿಲಿಗೆ ಬೀಗ ಹಾಕುವ ಅಧಿಕಾರ ಕಂಪನಿಯದೇ ಆಗಿರುವಾಗ ಹೀಗೆ ಗೆದ್ದಿದ್ದು ಸಣ್ಣ ಸಂಗತಿಯಲ್ಲ. ಸಂಘ ಕಟ್ಟುವ ಹಕ್ಕು ಬಂದಿದ್ದು ಆಮೇಲೆ, 1940ರ ದಶಕದಲ್ಲಿ. ಆಗಲೂ ಬಿಟ್ಟಿಯಾಗಿ ಬರಲಿಲ್ಲ. 1946ರ ನವೆಂಬರ್ 4ರಂದು ಪೊಲೀಸರ ಗುಂಡಿಗೆ ಆರು ಕಾರ್ಮಿಕರು ಬಲಿಯಾದರು. ಮುಂದೆ ಈ ಕ್ಷೇತ್ರದಿಂದ ಕಮ್ಯುನಿಸ್ಟರು, ರಿಪಬ್ಲಿಕನ್ ಪಕ್ಷದವರು ವಿಧಾನಸಭೆಗೆ ಗೆದ್ದು ಹೋದರು. ರಾಜ್ಯದ ಉಳಿದ ಭಾಗಕ್ಕೆ ಅದು ಸೋಜಿಗ, ಲೈನಿನವರಿಗೆ ಸಹಜ.

1956ರಲ್ಲಿ ಮೈಸೂರು ಸರ್ಕಾರ ಗಣಿಗಳನ್ನು ವಹಿಸಿಕೊಂಡಿತು. 1962ರಲ್ಲಿ ಕೇಂದ್ರಕ್ಕೆ ಹೋಯಿತು, 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಆಯಿತು. ದೊರೆಗಳು ಹೋದರು, ಬಂಗಲೆಯಲ್ಲಿ ನಮ್ಮವರೇ ಬಂದು ಕೂತರು. ಲೈನ್ ಮನೆ ಮಾತ್ರ ಲೈನ್ ಮನೆಯಾಗೇ ಉಳಿಯಿತು. ಒಳ್ಳೆಯದೂ ಆಯಿತು ಅನ್ನಬೇಕು: ಆಸ್ಪತ್ರೆ, ಶಾಲೆ, ಫುಟ್‌ಬಾಲ್, ಬ್ಯಾಂಡ್ ಸೆಟ್, ತಂದೆಯ ಕೆಲಸ ಮಗನಿಗೆ ಸಿಗುವ ಭರವಸೆ. 1965ರಲ್ಲಿ ಚಾಂಪಿಯನ್ ರೀಫ್‌ನ ಆಳದಲ್ಲಿ ವಿಜ್ಞಾನಿಗಳು ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊ ಕಣಗಳನ್ನು ಪತ್ತೆ ಹಚ್ಚಿದರು, ಜಗತ್ತಿನಲ್ಲೇ ಮೊದಲ ಸಾಲಿನ ಸಾಧನೆ. ಆದರೆ ಚಿನ್ನ ತೆಳುವಾಗುತ್ತಾ ಬಂತು. ಹಿಂದೆ ಒಂದು ಟನ್ ಕಲ್ಲಿಗೆ ನಲವತ್ತು ಗ್ರಾಂಗೂ ಮೇಲೆ ಸಿಗುತ್ತಿದ್ದ ಚಿನ್ನ ಕೊನೆಗೆ ಐದು ಗ್ರಾಂಗಿಂತ ಕೆಳಗೆ ಇಳಿಯಿತು. ಆಳ ಹೆಚ್ಚಿದಷ್ಟೂ ಖರ್ಚು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿತು. ನೂರಿಪ್ಪತ್ತು ವರ್ಷದಲ್ಲಿ ತೆಗೆದ ಚಿನ್ನ ಸುಮಾರು 800 ಟನ್.

ಕಂಪನಿ ಊರು ಮುಚ್ಚುವುದು ಅಂದರೆ ಕಾರ್ಖಾನೆ ಮುಚ್ಚಿದ ಹಾಗಲ್ಲ. ಮಳೆ ಬಾರದಿದ್ದರೂ ನಮ್ಮ ಹಳ್ಳಿ ಹಳ್ಳಿಯಾಗೇ ಇರುತ್ತದೆ, ಹೊಲ ಅಲ್ಲೇ ಇರುತ್ತದೆ. ಇಲ್ಲಿ ಸಂಬಳದ ಜೊತೆ ಆಸ್ಪತ್ರೆ ಮುಚ್ಚಿತು, ನೀರು ಬಿಡುವವನು ಹೋದ, ಕಕ್ಕಸು ತೆಗೆಸುವ ವ್ಯವಸ್ಥೆ ನಿಂತಿತು. ಕಕ್ಕಸುಗಳು ಮಾತ್ರ ಒಣ ಕಕ್ಕಸುಗಳಾಗಿಯೇ ಉಳಿದವು. ಗಣಿ ಮುಚ್ಚಿ ಹತ್ತು ವರ್ಷವಾದರೂ ಕೆಜಿಎಫ್‌ನಲ್ಲಿ ಮಲ ಹೊರುವ ಪದ್ಧತಿ ಇದೆ ಅನ್ನುವುದು ದೇಶದ ಪತ್ರಿಕೆಗಳಲ್ಲಿ ಸುದ್ದಿಯಾಯಿತು. ಪ್ರಪಂಚದ ಅತಿ ಆಳದ ಗಣಿಗಳಲ್ಲಿ ಒಂದನ್ನು ತೋಡಲು ಗೊತ್ತಿದ್ದವರಿಗೆ ಲೈನ್ ಮನೆಗಳಿಗೆ ಒಂದೊಂದು ಒಳ್ಳೆ ಶೌಚದ ಗುಂಡಿ ತೋಡಲು ಆಗಲಿಲ್ಲ.

ಚಿಕ್ಕಮಗಳೂರು ಕಡೆಯ ಓದುಗರಿಗೆ ಕುದುರೆಮುಖ ನೆನಪಾಗಿರಬಹುದು. 1976ರಲ್ಲಿ ಹುಟ್ಟಿದ ಕಬ್ಬಿಣದ ಅದಿರಿನ ಕಂಪನಿ, ಭದ್ರಾ ದಂಡೆಯ ಕಾಡಿನ ನಡುವೆ ಕಟ್ಟಿದ ಟೌನ್‌ಶಿಪ್, ಸುಪ್ರೀಂ ಕೋರ್ಟ್ ಆದೇಶದಂತೆ 2005ರ ಕೊನೆಗೆ ನಿಂತ ಗಣಿ. ಅಲ್ಲಿಯ ನೌಕರರು ಬೇರೆ ಕಡೆಗೆ ಹೋದರು, ಊರು ಖಾಲಿಯಾಯಿತು. ಕೆಜಿಎಫ್ ಖಾಲಿಯಾಗಲಿಲ್ಲ. ಹೋಗಲು ಜಾಗ ಇರಲಿಲ್ಲ. ನಾಲ್ಕೈದು ತಲೆಮಾರಿನ ಹಿಂದೆ ಬಿಟ್ಟ ಹಳ್ಳಿಯಲ್ಲಿ ಇವರ ಹೆಸರಿಗೆ ಒಂದು ಗುಂಟೆಯೂ ಇಲ್ಲ, ಅಲ್ಲಿ ಗುರುತಿಸುವವರೂ ಇಲ್ಲ. ತಮಿಳುನಾಡಿಗೆ ಇವರು ಕರ್ನಾಟಕದವರು. ಕರ್ನಾಟಕದಲ್ಲಿ ಇವರನ್ನು ಇನ್ನೂ ತಮಿಳರು ಅನ್ನುತ್ತಾರೆ.

ಅದಕ್ಕೆ ರೈಲು ಹಿಡಿದರು. ಮಾರಿಕುಪ್ಪಂನಿಂದ ಬೆಳಗಿನ ಜಾವ ಹೊರಡುವ ಗಾಡಿಗಳಲ್ಲಿ ದಿನಾ ಸಾವಿರಾರು ಜನ ಬೆಂಗಳೂರಿಗೆ ಹೋಗಿ ಬರುತ್ತಾರೆ. ಸೆಕ್ಯುರಿಟಿ, ಗಾರ್ಮೆಂಟ್ಸ್, ಆಸ್ಪತ್ರೆ, ಕಾಲ್ ಸೆಂಟರ್, ಸಾಫ್ಟ್‌ವೇರ್ ಎಲ್ಲದರಲ್ಲೂ ಇದ್ದಾರೆ. ಓದಿಸಿದ್ದು ಕೈಹಿಡಿಯಿತು. ಹೋಗಿ ಬರುವ ಹೊತ್ತು ಸೇರಿದರೆ ದಿನದಲ್ಲಿ ನಾಲ್ಕೈದು ಗಂಟೆ ಗಾಡಿಯಲ್ಲೇ ಕಳೆಯುತ್ತದೆ. ರಾತ್ರಿ ಮನೆ ಸೇರುವಾಗ ಮಕ್ಕಳು ಮಲಗಿರುತ್ತಾರೆ. ಅಜ್ಜನ ಕಾಲದಲ್ಲೂ ಹೀಗೇ ಇತ್ತು, ಆಗ ಗಾಡಿ ಕೆಳಗಡೆಗೆ ಹೋಗುತ್ತಿತ್ತು ಅಷ್ಟೇ.

ಮನೆಯ ವಿಷಯ ಇನ್ನೂ ಮುಗಿದಿಲ್ಲ. ಲೈನ್ ಮನೆಗಳನ್ನು ತಮ್ಮ ಹೆಸರಿಗೆ ಮಾಡಿಕೊಡಿ ಎಂದು ಹಳೆಯ ಕಾರ್ಮಿಕರ ಕುಟುಂಬಗಳು ಗಣಿ ಮುಚ್ಚಿದ ದಿನದಿಂದ ಕೇಳುತ್ತಲೇ ಇವೆ. ಇನ್ನೊಂದು ಕಡೆ ಸೈನೈಡ್ ದಿಬ್ಬಗಳಿವೆ. ಕಲ್ಲನ್ನು ಹಿಟ್ಟಿನಷ್ಟು ನುಣ್ಣಗೆ ಅರೆದು, ಸೈನೈಡ್ ನೀರಿನಲ್ಲಿ ಚಿನ್ನ ಕರಗಿಸಿ ತೆಗೆದ ಮೇಲೆ ಉಳಿದ ಮಣ್ಣಿನ ಗುಡ್ಡಗಳು ಅವು. ದೂರದಿಂದ ನೋಡಿದರೆ ಬೆಟ್ಟದಂತೆ ಕಾಣುತ್ತವೆ, ಸಿನಿಮಾದವರು ಸೆಟ್ ಹಾಕಿದ್ದೂ ಅಲ್ಲೇ. ಗಾಳಿ ಕಾಲ ಬಂದರೆ ಆ ಹಿಟ್ಟು ಎದ್ದು ಲೈನ್ ಮನೆಯೊಳಗೆ, ಸುತ್ತಲಿನ ಹಳ್ಳಿಗಳ ಹೊಲದೊಳಗೆ ಬಂದು ಕೂರುತ್ತದೆ. ಒಟ್ಟು 33 ದಶಲಕ್ಷ ಟನ್‌ನಷ್ಟಿರುವ ಈ ಮಣ್ಣಿನಲ್ಲಿ ಇನ್ನೂ ಅಷ್ಟಿಷ್ಟು ಚಿನ್ನ ಉಳಿದಿದೆ. ಅದಕ್ಕಾಗಿ 13 ದಿಬ್ಬಗಳನ್ನು, ಸುಮಾರು ಸಾವಿರ ಎಕರೆಯನ್ನು, ಮತ್ತೆ ಅಗೆಯುವ ಕೇಂದ್ರದ ಪ್ರಸ್ತಾವಕ್ಕೆ 2024ರ ಜೂನ್‌ನಲ್ಲಿ ರಾಜ್ಯ ಸಚಿವ ಸಂಪುಟ ಒಪ್ಪಿಗೆ ಕೊಟ್ಟಿತು. ಅಗೆಯಲು ಬರುವವರು ಯಾರು, ಕೆಲಸ ಲೈನಿನ ಮಕ್ಕಳಿಗೆ ಸಿಗುತ್ತದೋ ಇಲ್ಲವೋ, ಅಷ್ಟು ಧೂಳನ್ನು ಎಬ್ಬಿಸಿದಾಗ ಬೇತಮಂಗಲದ ಕಡೆಯ ಗಾಳಿ ಯಾವ ದಿಕ್ಕಿಗೆ ಬೀಸುತ್ತದೆ, ಈ ಪ್ರಶ್ನೆಗಳನ್ನು ಊರಿನವರು ಈಗಲೇ ಕೇಳಿಡಬೇಕು. ಗ್ರಾಮ ಪಂಚಾಯಿತಿಯಲ್ಲಿ ವಿಷಯ ಬಂದ ದಿನ ಹಾಜರಿರುವುದು ಒಳ್ಳೆಯದು.